ನಿಷ್ಫಲವೆಂದು ಮುಚ್ಚುವ ಮುನ್ನ ಎರಡು ಸಾಲು ಬರೆಯಿರಿ

ಕರ್ನಾಟಕ ಉಚ್ಚ ನ್ಯಾಯಾಲಯದ ಗೌರವಾನ್ವಿತ ಮುಖ್ಯ ನ್ಯಾಯಮೂರ್ತಿಗಳಿಗೆ, ಧಾರವಾಡ ಪೀಠದ ಗೌರವಾನ್ವಿತ ನ್ಯಾಯಮೂರ್ತಿಗಳಿಗೆ ಹಾಗೂ ಹುಬ್ಬಳ್ಳಿ, ಧಾರವಾಡ, ಗದಗ, ಹಾವೇರಿಯ ನನ್ನ ವಕೀಲ ಬಂಧುಗಳಿಗೆ,

ಮಾನ್ಯರೇ,

ನಾನು ಹುಬ್ಬಳ್ಳಿಯಲ್ಲಿ ಸಿವಿಲ್ ಪ್ರಕರಣಗಳನ್ನು ನಡೆಸುವ ವಕೀಲ. ನನ್ನ ಕಕ್ಷಿದಾರರಲ್ಲಿ ಹೆಚ್ಚಿನವರು ಹಾವೇರಿ, ಗದಗ ಕಡೆಯ ಸಣ್ಣ ಹಿಡುವಳಿಯ ರೈತರು, ಸಂತೆ ವ್ಯಾಪಾರಿಗಳು, ನಿವೃತ್ತಿಗೆ ಹತ್ತಿರವಾದ ನೌಕರರು. ಅವರ ಪರವಾಗಿ ಒಂದೇ ಒಂದು ಮಾತು ಹೇಳಲು ಈ ಪತ್ರ ಬರೆಯುತ್ತಿದ್ದೇನೆ.

ಮೇಲ್ಮನವಿ ಬಾಕಿ ಇರುವಾಗಲೇ ವ್ಯಾಜ್ಯದ ಮೂಲ ಇಲ್ಲವಾಗುವುದುಂಟು. ಕಟ್ಟಡ ಬೀಳುತ್ತದೆ, ಅಧಿಕಾರದ ಅವಧಿ ಮುಗಿಯುತ್ತದೆ, ನೌಕರ ನಿವೃತ್ತನಾಗುತ್ತಾನೆ, ಸರ್ಕಾರ ತನ್ನ ಆದೇಶವನ್ನು ತಾನೇ ಹಿಂಪಡೆಯುತ್ತದೆ. ಆಗ ನ್ಯಾಯಾಲಯ, ಇನ್ನು ತೀರ್ಮಾನಿಸಲು ಏನೂ ಉಳಿದಿಲ್ಲ, ಮೇಲ್ಮನವಿ ನಿಷ್ಫಲವಾಗಿದೆ ಎಂದು ವಜಾ ಮಾಡುತ್ತದೆ. ಅದನ್ನು ನಾನು ತಪ್ಪೆನ್ನುವುದಿಲ್ಲ. ನನ್ನ ತಕರಾರು ಆ ಆದೇಶದಲ್ಲಿ ಬರೆಯದೆ ಬಿಟ್ಟದ್ದರ ಬಗ್ಗೆ. ಕೆಳ ನ್ಯಾಯಾಲಯದ ತೀರ್ಪಿನ ಗತಿ ಏನಾಯಿತು ಎಂದು ಆ ಆದೇಶ ಹೇಳುವುದಿಲ್ಲ. ಮೇಲ್ಮನವಿದಾರರು ತಪ್ಪೆಂದು ಬೊಟ್ಟು ಮಾಡಿದ ತೀರ್ಪನ್ನು ಮೇಲಿನ ನ್ಯಾಯಾಲಯ ಸರಿ ಎನ್ನಲಿಲ್ಲ, ತಪ್ಪೂ ಎನ್ನಲಿಲ್ಲ. ಆದರೂ ಅದು ಹಾಗೇ ಉಳಿದು, ಸೋತವರ ಹೆಸರಿಗೆ ಅಂಟಿಕೊಂಡು, ಮುಂದೆ ಅವರು ಹೋದ ಕಚೇರಿಗೆಲ್ಲ ಅವರಿಗಿಂತ ಮೊದಲೇ ಹೋಗಿ ಕೂತಿರುತ್ತದೆ. ಇದನ್ನು ಸರಿಪಡಿಸಲು ಹೊಸ ಕಾಯ್ದೆ ಬೇಡ, ಹಣ ಬೇಡ. ವಜಾ ಆದೇಶದ ಕೊನೆಗೆ ಎರಡು ಸಾಲು ಸೇರಿಸಿದರೆ ಸಾಕು.

ನಾನೇ ನಡೆಸಿದ ಒಂದು ಪ್ರಕರಣವನ್ನು ಹೇಳುತ್ತೇನೆ. ಊರಿನ ಹೆಸರು, ಕಚೇರಿಯ ಹೆಸರು ಬೇಡ. ಇಂಥದ್ದು ಎಲ್ಲಿ ಬೇಕಾದರೂ ಆಗಬಹುದು. ಹಾವೇರಿ ಜಿಲ್ಲೆಯ ಒಂದು ಪಟ್ಟಣದ ರಸ್ತೆ ಬದಿಯಲ್ಲಿ ಒಬ್ಬ ವಿಧವೆಯ ಡಬ್ಬಾ ಅಂಗಡಿ ಇತ್ತು. ಬಳೆ, ಕುಂಕುಮ, ಟಿಕಳಿ, ರಿಬ್ಬನ್ ಮಾರುತ್ತಿದ್ದರು. ಜಕಾತಿ ಗುತ್ತಿಗೆದಾರ ಕೊಟ್ಟ ಚೀಟಿಗಳನ್ನೆಲ್ಲ ತಂತಿಗೆ ಪೋಣಿಸಿ ಜೋಪಾನವಾಗಿ ಇಟ್ಟಿದ್ದರು. ಕೆಲವು ಚೀಟಿಗಳ ಶಾಯಿ ಹಾರಿಹೋಗಿತ್ತು, ಮುದ್ರೆ ಮಾತ್ರ ಕಾಣುತ್ತಿತ್ತು. ಅಂಗಡಿ ತೆಗೆಯಲು ಸ್ಥಳೀಯ ಸಂಸ್ಥೆ ಮುಂದಾದಾಗ ನಾವು ಶಾಶ್ವತ ಪ್ರತಿಬಂಧಕಾಜ್ಞೆ, ಅಂದರೆ ಅಂಗಡಿಯನ್ನು ಮುಟ್ಟದಂತೆ ತಡೆಯುವ ಆದೇಶ, ಕೋರಿ ದಾವೆ ಹೂಡಿದೆವು. ದಾವೆ ವಜಾ ಆಯಿತು. ಜಕಾತಿ ಚೀಟಿ ಆಯಾ ದಿನದ ಶುಲ್ಕಕ್ಕೆ ಮಾತ್ರ ಪುರಾವೆ, ಸ್ವಾಧೀನಕ್ಕಲ್ಲ; ವಾದಿ ಸಾರ್ವಜನಿಕ ರಸ್ತೆಯ ಅತಿಕ್ರಮಣದಾರಳು ಎಂದು ತೀರ್ಪು ಬಂತು.

ಮೇಲ್ಮನವಿ ಹಾಕಿದೆವು. ಆ ಚೀಟಿಗಳ ಹಿಂದೆ ಮಳಿಗೆಯ ಕ್ರಮಸಂಖ್ಯೆ ಬರೆದಿತ್ತು. ಅದನ್ನು ವಿಚಾರಣಾ ನ್ಯಾಯಾಲಯ ನೋಡಿಯೇ ಇರಲಿಲ್ಲ. ನಮ್ಮ ಮುಖ್ಯ ಆಧಾರ ಅದೇ ಆಗಿತ್ತು. ಜೊತೆಗೆ ಮೇಲ್ಮನವಿ ಮುಗಿಯುವವರೆಗೆ ಅಂಗಡಿಯನ್ನು ಮುಟ್ಟದಂತೆ ಮಧ್ಯಂತರ ಅರ್ಜಿಯನ್ನೂ ಹಾಕಿದೆವು. ಎದುರುದಾರರಿಗೆ ನೋಟಿಸ್ ಆಗಲಿ ಎಂದು ಅರ್ಜಿ ಮುಂದಕ್ಕೆ ಹೋಯಿತು. ನೋಟಿಸ್ ಜಾರಿಯಾಗಿ ಬರುವಷ್ಟರಲ್ಲಿ ಅಂಗಡಿ ಇರಲಿಲ್ಲ. ತಗಡು ಒಂದು ಕಡೆ, ಹಲಗೆ ಒಂದು ಕಡೆ ಬಿದ್ದಿದ್ದವು. ಜಾಗದ ಮೇಲೆ ಚರಂಡಿ ಕೆಲಸ ಶುರುವಾಗಿತ್ತು.

ನಾವು ಸುಮ್ಮನೆ ಕೂರಲಿಲ್ಲ. ನಿರ್ದಿಷ್ಟ ಪರಿಹಾರ ಕಾಯ್ದೆಯ 40ನೇ ಕಲಂ ಪ್ರಕಾರ ಪ್ರತಿಬಂಧಕಾಜ್ಞೆಯ ಜೊತೆಗೆ ಅಥವಾ ಅದರ ಬದಲಿಗೆ ನಷ್ಟ ಪರಿಹಾರ ಕೇಳಬಹುದು. ಮೊದಲು ಕೇಳಿರದಿದ್ದರೆ ಪ್ರಕರಣದ ಯಾವ ಹಂತದಲ್ಲಾದರೂ ತಿದ್ದುಪಡಿಗೆ ಅವಕಾಶ ಕೊಡಬೇಕು ಎಂದೂ ಆ ಕಲಂ ಹೇಳುತ್ತದೆ. ತಿದ್ದುಪಡಿ ಅರ್ಜಿ ಹಾಕಿದೆವು. ಎದುರು ಪಕ್ಷದವರು, ಅಂಗಡಿಯೇ ಇಲ್ಲದ ಮೇಲೆ ಮೇಲ್ಮನವಿಯಲ್ಲಿ ಏನೂ ಉಳಿದಿಲ್ಲ ಎಂದು ಮೆಮೊ ಕೊಟ್ಟರು. ಬಂದ ಆದೇಶದ ಸಾರ ಇಷ್ಟು: ಮೇಲ್ಮನವಿ ನಿಷ್ಫಲವಾಗಿರುವುದರಿಂದ ವಜಾ. ಬಾಕಿ ಮಧ್ಯಂತರ ಅರ್ಜಿಗಳು ಪರಿಗಣನೆಗೆ ಉಳಿಯುವುದಿಲ್ಲ. ಖರ್ಚಿನ ಬಗ್ಗೆ ಆದೇಶವಿಲ್ಲ.

ನ್ಯಾಯಾಲಯದ ಮೆಟ್ಟಿಲಿಳಿಯುವಾಗ ಅವರು, "ಸಾಹೇಬರೇ, ನಾನು ಗೆದ್ದೆನೋ ಸೋತೆನೋ?" ಎಂದು ಕೇಳಿದರು. "ಎರಡೂ ಅಲ್ಲ, ಅವ್ವಾ" ಎಂದೆ. ಕಾನೂನಿನ ಪ್ರಕಾರ ಅದೇ ಸರಿಯಾದ ಉತ್ತರ. ಕೋರ್ಟಿಗೆ ಹೋದರೆ ಗೆದ್ದವ ಸೋತ, ಸೋತವ ಸತ್ತ ಎಂದು ನಮ್ಮ ಜನ ಹೇಳುತ್ತಾರೆ. ಗೆಲ್ಲದೆ ಸೋಲದೆ ಹೊರಬಂದವರಿಗೆ ಆ ಗಾದೆಯಲ್ಲೂ ಜಾಗವಿಲ್ಲ.

ಅವರ ನಿಜವಾದ ಕಷ್ಟ ಶುರುವಾದದ್ದು ಆಮೇಲೆ. ಬೀದಿ ಬದಿ ವ್ಯಾಪಾರಿಗಳ ಜೀವನೋಪಾಯ ರಕ್ಷಣೆಗೆ 2014ರಲ್ಲಿ ಸಂಸತ್ತು ಕಾಯ್ದೆ ಮಾಡಿದೆ. ಅದರಂತೆ ಇರುವ ವ್ಯಾಪಾರಿಗಳ ಸಮೀಕ್ಷೆ ಆಗಬೇಕು, ಅವರಿಗೆ ವ್ಯಾಪಾರ ಪ್ರಮಾಣಪತ್ರ ಕೊಡಬೇಕು, ಎತ್ತಂಗಡಿ ಮಾಡುವುದಾದರೆ ಮೂವತ್ತು ದಿನ ಮೊದಲು ನೋಟಿಸ್ ಕೊಡಬೇಕು. ಪ್ರಮಾಣಪತ್ರಕ್ಕೂ ಬದಲಿ ಜಾಗಕ್ಕೂ ಅವರು ಅರ್ಜಿ ಕೊಟ್ಟರು. ಹಿಂಬರಹ, ಅಂದರೆ ಕಚೇರಿಯ ಲಿಖಿತ ಉತ್ತರ, ಬಂತು. ಅದರ ಜೊತೆ ವಿಚಾರಣಾ ನ್ಯಾಯಾಲಯದ ತೀರ್ಪಿನ ಪ್ರತಿಯೊಂದನ್ನು ಲಗತ್ತಿಸಿದ್ದರು. ಅತಿಕ್ರಮಣದಾರಳು ಎಂಬ ಪದದ ಕೆಳಗೆ ಕೆಂಪು ಪೆನ್ಸಿಲ್ಲಿನ ಗೆರೆ ಎಳೆದಿತ್ತು. ಈ ತೀರ್ಪು ಮೇಲ್ಮನವಿಯಲ್ಲಿ ರದ್ದಾಗಿಲ್ಲ, ಆದ್ದರಿಂದ ಅರ್ಜಿ ತಿರಸ್ಕರಿಸಲಾಗಿದೆ ಎಂದು ಬರೆದಿದ್ದರು. ಆ ಅಧಿಕಾರಿ ಸುಳ್ಳು ಹೇಳಿರಲಿಲ್ಲ. ತೀರ್ಪು ರದ್ದಾಗಿರಲಿಲ್ಲ. ಅಂಗಡಿ ನೆಲಕ್ಕುರುಳಿದ ಮೇಲೆ ಅದನ್ನು ಪರೀಕ್ಷಿಸುವ ಅಗತ್ಯ ಯಾರಿಗೂ ಕಂಡಿರಲಿಲ್ಲ, ಅಷ್ಟೇ.

ಅಂದರೆ ನಿಷ್ಫಲ ಎಂದು ಮುಚ್ಚಿದ ಪ್ರಕರಣದಲ್ಲಿ ಫಲ ಇನ್ನೂ ಬಾಕಿ ಇತ್ತು. ಬಿದ್ದುಹೋದ ಅಂಗಡಿಯ ಜೊತೆ ಅವರ ಹಕ್ಕಿನ ಪ್ರಶ್ನೆ ಬಿದ್ದುಹೋಗಿರಲಿಲ್ಲ. ಪರಿಹಾರ ಸಿಗಬೇಕೋ ಬೇಡವೋ, ಬದಲಿ ಜಾಗಕ್ಕೆ ಅವರು ಅರ್ಹರೋ ಅಲ್ಲವೋ ಎಂಬುದೆಲ್ಲ ಆ ಒಂದು ಪದದ ಮೇಲೆ ನಿಂತಿತ್ತು. ಎರಡನೇ ಮೇಲ್ಮನವಿಗೆ ಧಾರವಾಡಕ್ಕೆ ಹೋಗಬಹುದಿತ್ತಲ್ಲ ಎಂದು ಕೆಲವರು ಕೇಳಿಯಾರು. ಸಿವಿಲ್ ಪ್ರಕ್ರಿಯಾ ಸಂಹಿತೆಯ 100ನೇ ಕಲಂ ಪ್ರಕಾರ ಅಲ್ಲಿ ಗಣನೀಯ ಕಾನೂನು ಪ್ರಶ್ನೆಯನ್ನು ತೋರಿಸಬೇಕು, ಮತ್ತೆ ಶುಲ್ಕ ಕಟ್ಟಬೇಕು, ಮತ್ತೆ ಎಡತಾಕಬೇಕು. ದಿನದ ದುಡಿಮೆ ಕೈಬಿಟ್ಟು ಹೋದವರಿಗೆ ಅದು ಆಗುವ ಮಾತಲ್ಲ. ಅವರು ಈಗ ಮಗಳ ಊರಿನಲ್ಲಿ ಇದ್ದಾರೆ.

ಬರೀ ತಾತ್ವಿಕ ಪ್ರಶ್ನೆಗೆ ಉತ್ತರ ಹೇಳುವುದು ನ್ಯಾಯಾಲಯದ ಕೆಲಸವಲ್ಲ ಎಂಬ ನಿಯಮವನ್ನು ನಾನು ಒಪ್ಪುತ್ತೇನೆ. ದಾಯಾದಿಗಳು ಹೊರಗೇ ರಾಜಿಯಾದರೆ, ತಡೆಯಬೇಕೆಂದಿದ್ದ ಸಭೆ ನಡೆದು ಮುಗಿದು ಯಾರಿಗೂ ಏನೂ ಬಾಧಕವಾಗದಿದ್ದರೆ, ಆ ಕಡತವನ್ನು ಒಂದು ಸಾಲಿನಲ್ಲಿ ಮುಚ್ಚಿದರೆ ಯಾರಿಗೂ ನಷ್ಟವಿಲ್ಲ. ಘಟನೆಗಳು ಬದಲಾದರೆ ನ್ಯಾಯಾಲಯ ಅವನ್ನು ಗಮನಿಸಲೇಬೇಕು ಎಂದು ಸರ್ವೋಚ್ಚ ನ್ಯಾಯಾಲಯ 1975ರಲ್ಲೇ, ಮಾಲೀಕ ತನ್ನ ಸ್ವಂತ ವ್ಯಾಪಾರಕ್ಕೆಂದು ಮಳಿಗೆ ಬಿಡಿಸಿಕೊಳ್ಳಲು ಹೊರಟ ಪ್ರಕರಣವೊಂದರಲ್ಲಿ ಹೇಳಿದೆ. ವ್ಯಾಜ್ಯ ನಡೆಯುತ್ತಿರುವಾಗಲೇ ಆ ಮಾಲೀಕನಿಗೆ ಬೇರೊಂದು ಮಳಿಗೆ ಸಿಕ್ಕಿತ್ತು. ನಿಷ್ಫಲವಾದ ಪ್ರಕರಣವನ್ನು ಎಳೆಯುತ್ತ ಕೂರಬಾರದು, ಅದನ್ನು ಮುಗಿಸುವುದು ನ್ಯಾಯಾಲಯದ ಕರ್ತವ್ಯ ಎಂದು 2004ರ ಇನ್ನೊಂದು ತೀರ್ಪು ಹೇಳುತ್ತದೆ. ಬಾಕಿ ಪ್ರಕರಣಗಳ ಹೊರೆ ಎಷ್ಟಿದೆ ಎಂದು ನಾವು ಪ್ರತಿದಿನ ಕಣ್ಣಾರೆ ಕಾಣುತ್ತೇವೆ. ನಾನು ಕೇಳುವುದು ಇಷ್ಟೇ: ಪ್ರಕರಣ ಪೂರ್ತಿ ಸತ್ತಿದೆಯೇ, ಅಥವಾ ಒಂದು ಅಂಗ ಮಾತ್ರ ಹೋಗಿದೆಯೇ ಎಂದು ಮುಚ್ಚುವ ಮುನ್ನ ನೋಡಿ.

ಹೇಗೆ ನೋಡಬೇಕು ಎಂಬುದಕ್ಕೆ ಸರ್ವೋಚ್ಚ ನ್ಯಾಯಾಲಯದ ಎರಡು ಚುನಾವಣಾ ಪ್ರಕರಣಗಳನ್ನು ಅಕ್ಕಪಕ್ಕ ಇಟ್ಟು ಓದಬೇಕು. ಎರಡರಲ್ಲೂ ಚುನಾವಣಾ ತಕರಾರು ಬಾಕಿ ಇರುವಾಗಲೇ ವಿಧಾನಸಭೆ ವಿಸರ್ಜನೆಯಾಗಿತ್ತು. ಉತ್ತರ ಪ್ರದೇಶದಿಂದ ಬಂದ 1969ರ ಪ್ರಕರಣದಲ್ಲಿ ಭ್ರಷ್ಟ ಆಚರಣೆಯ ಆರೋಪವಿತ್ತು. ಅದು ಸಾಬೀತಾದರೆ ಗೆದ್ದವನು ಮುಂದಿನ ಚುನಾವಣೆಗೂ ಅನರ್ಹನಾಗಬಹುದು. ಹಾಗಾಗಿ ಸಭೆ ವಿಸರ್ಜನೆಯಾದರೂ ತಕರಾರು ಅರ್ಜಿ ಸಾಯುವುದಿಲ್ಲ ಎಂದರು. ಒಡಿಶಾದಿಂದ ಬಂದ 1974ರ ಪ್ರಕರಣದಲ್ಲಿದ್ದದ್ದು ನಾಮಪತ್ರ ಸಲ್ಲಿಸುವಾಗ ಸರ್ಕಾರದ ಜೊತೆ ಗುತ್ತಿಗೆ ಇತ್ತೋ ಇಲ್ಲವೋ ಎಂಬ ಪ್ರಶ್ನೆ ಮಾತ್ರ. ಅದಕ್ಕೆ ಉತ್ತರ ಸಿಕ್ಕರೂ ಯಾರ ಮೇಲೂ ಯಾವ ಪರಿಣಾಮವೂ ಆಗುವಂತಿರಲಿಲ್ಲ. ಆ ಮೇಲ್ಮನವಿಯನ್ನು ವಿಚಾರಣೆಗೆ ತೆಗೆದುಕೊಳ್ಳಲಿಲ್ಲ. ಸಭೆ ಇದೆಯೋ ಇಲ್ಲವೋ ಎಂದು ನೋಡಿ ಯಾರೂ ತೀರ್ಮಾನ ಮಾಡಲಿಲ್ಲ. ತೀರ್ಪಿನಿಂದ ಯಾರಿಗಾದರೂ ಏನಾದರೂ ಆಗುತ್ತದೆಯೋ ಎಂದು ನೋಡಿದರು. ಬಳೆ ಅಂಗಡಿಯ ಪ್ರಕರಣಕ್ಕೆ ಇದೇ ಅಳತೆ ಹಿಡಿದಿದ್ದರೆ ಮೇಲ್ಮನವಿ ಉಳಿಯುತ್ತಿತ್ತು.

ದೂರದ ಒಂದು ಪ್ರಕರಣವೂ ಇಲ್ಲಿ ಪ್ರಸ್ತುತ. ಅಮೆರಿಕದ ಮನ್ಸಿಂಗ್‌ವೇರ್ ಎಂಬ ಬಟ್ಟೆ ಕಂಪನಿ ಬೆಲೆ ನಿಯಂತ್ರಣದ ನಿಯಮ ಮೀರಿ ಮಾರಿದೆ ಎಂದು ಅಲ್ಲಿನ ಸರ್ಕಾರ ದಾವೆ ಹೂಡಿತ್ತು. ವಿಚಾರಣಾ ನ್ಯಾಯಾಲಯ ಕಂಪನಿಯ ಪರ ತೀರ್ಪು ಕೊಟ್ಟಿತು. ಸರ್ಕಾರ ಮೇಲ್ಮನವಿ ಹೋಯಿತು. ಅಷ್ಟರಲ್ಲಿ ಆ ಸರಕಿನ ಮೇಲಿನ ಬೆಲೆ ನಿಯಂತ್ರಣವೇ ಹೋಯಿತು. ಮೇಲ್ಮನವಿ ನಿಷ್ಫಲ ಎಂದು ವಜಾ ಆಯಿತು. ಕೆಳಗಿನ ತೀರ್ಪನ್ನು ಅಳಿಸಿ ಎಂದು ಸರ್ಕಾರದ ವಕೀಲರು ಕೇಳಲಿಲ್ಲ. ಮುಂದೆ ಹಳೆಯ ಮಾರಾಟಗಳಿಗೆ ಸಂಬಂಧಿಸಿದ ನಷ್ಟದ ಹಣ ವಸೂಲಿಗೆ ಹೊರಟಾಗ ಅದೇ ತೀರ್ಪು ಸರ್ಕಾರಕ್ಕೆ ಅಡ್ಡ ನಿಂತಿತು. 1950ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಸರ್ಕಾರದ ಮಾತು ಕೇಳಲಿಲ್ಲ. ಮೇಲ್ಮನವಿಯ ದಾರಿಯಲ್ಲಿ ವ್ಯಾಜ್ಯ ನಿಷ್ಫಲವಾದರೆ ಕೆಳಗಿನ ತೀರ್ಪನ್ನು ಬದಿಗಿಡುವುದೇ ನಮ್ಮ ರೂಢಿ, ಆದರೆ ನೀವು ಕೇಳಬೇಕಿತ್ತು ಎಂದಿತು. ಅಂದಿನಿಂದ ಅಲ್ಲಿನ ವಕೀಲರು ಕೇಳುವುದನ್ನು ಮರೆತಿಲ್ಲ. ತನ್ನ ಕೈಯಾರೆ ರಾಜಿ ಮಾಡಿಕೊಂಡು ವ್ಯಾಜ್ಯ ಮುಗಿಸಿದವನಿಗೆ ಈ ರಿಯಾಯಿತಿ ಸಾಮಾನ್ಯವಾಗಿ ಸಿಗುವುದಿಲ್ಲ ಎಂದು 1994ರಲ್ಲಿ ಅದೇ ನ್ಯಾಯಾಲಯ ಇನ್ನೊಂದು ಎಚ್ಚರಿಕೆ ಸೇರಿಸಿತು. ಅದೂ ನ್ಯಾಯವೇ.

ಅಮೆರಿಕದ ರೂಢಿ ನಮ್ಮನ್ನು ಕಟ್ಟಿಹಾಕುವುದಿಲ್ಲ, ನಿಜ. ಆದರೆ ಅಪಾಯ ನಮ್ಮಲ್ಲೂ ಇದೆ. ಎರಡು ದಾವೆಗಳು ಒಟ್ಟಿಗೆ ತೀರ್ಮಾನವಾಗಿ, ಒಂದರ ಮೇಲ್ಮನವಿ ಕಾಲಮಿತಿ ಮೀರಿದ್ದಕ್ಕೋ ದಾಖಲೆ ಮುದ್ರಿಸಲು ತಪ್ಪಿದ್ದಕ್ಕೋ ವಜಾ ಆದರೂ, ಕೆಳಗಿನ ತೀರ್ಪು ಅಂತಿಮವಾಗಿ ಇನ್ನೊಂದಕ್ಕೆ ಪೂರ್ವನಿರ್ಣಯದ ತಡೆ ಒಡ್ಡುತ್ತದೆ, ಅಂದರೆ ಅದೇ ಪ್ರಶ್ನೆಯನ್ನು ಮತ್ತೆ ಎತ್ತಲು ಬಿಡುವುದಿಲ್ಲ ಎಂದು 1966ರಲ್ಲಿ ನಮ್ಮ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ನಿಷ್ಫಲವಾಗಿ ವಜಾ ಆದದ್ದು ಬೇರೆ, ಅಲ್ಲಿ ಏನೂ ತೀರ್ಮಾನವಾಗಿಲ್ಲ ಎಂದು ನಾವು ವಾದಿಸುತ್ತೇವೆ, ವಾದಿಸಲೇಬೇಕು. ಆದರೆ ಪ್ರತಿಯೊಬ್ಬ ಬಡ ಕಕ್ಷಿದಾರನೂ ಮುಂದಿನ ಪ್ರಕರಣದಲ್ಲಿ ಮೊದಲು ಈ ವಾದವನ್ನು ಗೆದ್ದು ಆಮೇಲೆ ತನ್ನ ಅಹವಾಲಿಗೆ ಬರಬೇಕು ಎನ್ನುವುದು ಯಾವ ನ್ಯಾಯ? ವಜಾ ಮಾಡುವ ನ್ಯಾಯಾಧೀಶರೇ, ಕೆಳಗಿನ ತೀರ್ಪಿನ ಅಭಿಪ್ರಾಯಗಳು ಮುಂದಿನ ಯಾವ ನಡವಳಿಯಲ್ಲೂ ಕಕ್ಷಿದಾರರಿಗೆ ಬಾಧಕವಲ್ಲ, ಪ್ರಶ್ನೆಗಳನ್ನು ಮುಕ್ತವಾಗಿ ಬಿಡಲಾಗಿದೆ ಎಂದು ಬರೆದರೆ ಆ ಗೊಂದಲ ಅಲ್ಲಿಗೇ ಮುಗಿಯುತ್ತದೆ. ಕಾನೂನು ಪ್ರಶ್ನೆಯನ್ನು ಮುಕ್ತವಾಗಿ ಬಿಟ್ಟಿದ್ದೇವೆ ಎಂದು ಸರ್ವೋಚ್ಚ ನ್ಯಾಯಾಲಯವೂ ಉಚ್ಚ ನ್ಯಾಯಾಲಯವೂ ಎಷ್ಟೋ ಸಲ ಬರೆಯುತ್ತವೆ. ತಾಲ್ಲೂಕು, ಜಿಲ್ಲಾ ಮಟ್ಟದ ಮೇಲ್ಮನವಿ ನ್ಯಾಯಾಲಯಗಳಲ್ಲಿ ನನಗೆ ಅದು ಕಾಣಸಿಗುವುದು ಅಪರೂಪ. ಬಡವರ ಮೇಲ್ಮನವಿ ಮುಗಿಯುವುದು ಬಹುಮಟ್ಟಿಗೆ ಅಲ್ಲೇ.

ಹುಬ್ಬಳ್ಳಿಯ ವಕೀಲನಾಗಿ ನಮ್ಮ ಊರಿನದೇ ಪ್ರಕರಣವನ್ನು ಇಲ್ಲಿ ನೆನೆಯದಿದ್ದರೆ ತಪ್ಪಾಗುತ್ತದೆ. ಹುಬ್ಬಳ್ಳಿ ಗ್ರಾಮೀಣ ಕ್ಷೇತ್ರದ ಶಾಸಕರಾಗಿದ್ದ ಎಸ್.ಆರ್. ಬೊಮ್ಮಾಯಿ ಅವರು ಮುಖ್ಯಮಂತ್ರಿಯಾಗಿದ್ದಾಗ, 1989ರ ಏಪ್ರಿಲ್ 21ರಂದು ಅವರ ಸರ್ಕಾರವನ್ನು ವಜಾಗೊಳಿಸಿ ರಾಷ್ಟ್ರಪತಿ ಆಳ್ವಿಕೆ ಹೇರಲಾಯಿತು. ಸದನದಲ್ಲಿ ಬಹುಮತ ಸಾಬೀತು ಮಾಡುತ್ತೇನೆ ಎಂದು ಅವರು ಹೇಳಿದರೂ ರಾಜ್ಯಪಾಲರು ಅವಕಾಶ ಕೊಡಲಿಲ್ಲ. ಕರ್ನಾಟಕ ಉಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠ ಅವರ ರಿಟ್ ಅರ್ಜಿಯನ್ನು ವಜಾ ಮಾಡಿತು. ಅದೇ ವರ್ಷ ನವೆಂಬರಿನಲ್ಲಿ ಚುನಾವಣೆ ನಡೆದು ಹೊಸ ಸರ್ಕಾರ ಬಂತು. ಸರ್ವೋಚ್ಚ ನ್ಯಾಯಾಲಯದ ಒಂಬತ್ತು ನ್ಯಾಯಮೂರ್ತಿಗಳ ಪೀಠದ ತೀರ್ಪು ಬಂದದ್ದು 1994ರ ಮಾರ್ಚ್ 11ರಂದು. ಅಷ್ಟು ಹೊತ್ತಿಗೆ ಬೊಮ್ಮಾಯಿ ಅವರಿಗೆ ಕೊಡಲು ನ್ಯಾಯಾಲಯದ ಕೈಯಲ್ಲಿ ಏನೂ ಇರಲಿಲ್ಲ. ಹೋದ ಸಭೆ ಮರಳಿ ಬರುವಂತಿರಲಿಲ್ಲ. ನಿಷ್ಫಲ ಎನ್ನಲು ಅದಕ್ಕಿಂತ ಯೋಗ್ಯವಾದ ಪ್ರಕರಣ ಇನ್ನೊಂದು ಇರಲಿಕ್ಕಿಲ್ಲ.

ಆದರೆ ನ್ಯಾಯಾಲಯ ಹಾಗೆ ಮುಚ್ಚಲಿಲ್ಲ. ಕರ್ನಾಟಕದಲ್ಲಿ ಹೊರಡಿಸಿದ ಘೋಷಣೆ ಸಂವಿಧಾನಬಾಹಿರ ಎಂದಿತು. ಬಹುಮತ ತೀರ್ಮಾನವಾಗಬೇಕಾದದ್ದು ಸದನದಲ್ಲೇ ಎಂದಿತು. ಚುನಾವಣೆ ನಡೆದುಹೋಗಿರುವುದರಿಂದ ಪರಿಹಾರ ಕೊಡಲಾಗದು ಎಂದೂ ಒಪ್ಪಿಕೊಂಡಿತು. ಸರ್ಕಾರಗಳು ಅಲುಗಾಡಿದಾಗಲೆಲ್ಲ ಈಗ ನಾವು ಟಿವಿಯಲ್ಲಿ ನೋಡುವ ವಿಶ್ವಾಸಮತ ಪರೀಕ್ಷೆಗೆ ಬಲ ಬಂದದ್ದು ಫಲವಿಲ್ಲದ ಆ ಪ್ರಕರಣದಿಂದ. ಅದಕ್ಕಿಂತ ಹೆಚ್ಚಾಗಿ, ನ್ಯಾಯಮೂರ್ತಿ ಪಿ.ಬಿ. ಸಾವಂತ್ ಅವರ ತೀರ್ಪಿನಲ್ಲಿ ಇನ್ನೊಂದು ಮಾತಿದೆ: ಯೋಗ್ಯ ಪ್ರಕರಣಗಳಲ್ಲಿ, ಅರ್ಜಿ ತೀರ್ಮಾನವಾಗುವವರೆಗೆ ಹೊಸ ಚುನಾವಣೆ ನಡೆಸದಂತೆ ನ್ಯಾಯಾಲಯ ಮಧ್ಯಂತರ ಆದೇಶ ಕೊಡಬಹುದು, ಇಲ್ಲದಿದ್ದರೆ ನ್ಯಾಯಿಕ ಪರಿಶೀಲನೆಯೇ ನಿಷ್ಫಲವಾದೀತು. ಒಂದು ರಾಜ್ಯದ ಚುನಾವಣೆಯನ್ನೇ ತಡೆದು ನಿಲ್ಲಿಸುವಷ್ಟು ಅಧಿಕಾರವನ್ನು ನ್ಯಾಯಾಲಯ ತನಗೆ ಇದೆ ಎಂದು ಹೇಳಿದ್ದು, ವ್ಯಾಜ್ಯ ಕೈಜಾರಬಾರದು ಎಂಬ ಕಾರಣಕ್ಕೆ. ಬಳೆ ಅಂಗಡಿಯ ತಗಡನ್ನು ಹದಿನೈದು ದಿನ ಮುಟ್ಟಬೇಡಿ ಎನ್ನಲು ಅಷ್ಟೆಲ್ಲ ಅಧಿಕಾರ ಬೇಕಿಲ್ಲ.

ನಿಷ್ಫಲವಾಗುವ ಪ್ರಕರಣಗಳು ತಾವಾಗಿಯೇ ನಿಷ್ಫಲವಾಗುವುದು ಕಡಿಮೆ. ಬಹುಮಟ್ಟಿಗೆ ಕಾಲ ಅವನ್ನು ಕೊಲ್ಲುತ್ತದೆ, ಅಥವಾ ಎದುರುದಾರ ಕೊಲ್ಲುತ್ತಾನೆ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿಗೆ, ಅಂದರೆ ತೀರ್ಪಿನಂತೆ ಹೊರಡುವ ಆದೇಶಕ್ಕೆ, ತಡೆ ಬರುವುದಿಲ್ಲ ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 5ನೇ ನಿಯಮ ಹೇಳುತ್ತದೆ. ಡಿಕ್ರಿ ಪಡೆದವರಿಗೆ ಇದು ಚೆನ್ನಾಗಿ ಗೊತ್ತು. ಮನೆಯ ಸ್ವಾಧೀನಕ್ಕೆ ಡಿಕ್ರಿ ಬಂದ ಕೂಡಲೇ ಅದನ್ನು ಜಾರಿ ಮಾಡಿಸಲು ಅಮಲ್ಜಾರಿ ಅರ್ಜಿ ಹಾಕಿ ಬಾಡಿಗೆದಾರನನ್ನು ಹೊರಹಾಕಿಸಿ ಗೋಡೆ ಕೆಡವುತ್ತಾರೆ. ಆಮೇಲೆ ಮೇಲ್ಮನವಿಯಲ್ಲಿ ಬಂದು, ಮನೆ ಎಲ್ಲಿದೆ ಎಂದು ಕೇಳುತ್ತಾರೆ. ಡಿಕ್ರಿ ಮೇಲ್ಮನವಿಯಲ್ಲಿ ರದ್ದಾದರೆ ಕಕ್ಷಿದಾರರನ್ನು ಮೊದಲಿನ ಸ್ಥಿತಿಗೆ ತರಲು, ಅದಾಗದಿದ್ದರೆ ನಷ್ಟ ತುಂಬಿಕೊಡಲು 144ನೇ ಕಲಂ ಇದೆ. ಆದರೆ ಅದು ಡಿಕ್ರಿ ಬದಲಾದರೆ ಅಥವಾ ರದ್ದಾದರೆ ಮಾತ್ರ ಸಿಗುವ ಪರಿಹಾರ. ಮೇಲ್ಮನವಿಯೇ ನಿಷ್ಫಲವೆಂದು ವಜಾ ಆದರೆ ಡಿಕ್ರಿ ರದ್ದಾಗುವುದಿಲ್ಲ, 144ನೇ ಕಲಮಿನ ಬಾಗಿಲೂ ತೆರೆಯುವುದಿಲ್ಲ. ಹೀಗೆ ಗೋಡೆ ಕೆಡವಿದವನಿಗೆ, ಕೆಡವಿದ್ದೇ ರಕ್ಷಣೆಯಾಗುತ್ತದೆ.

ಪಂಚಾಯಿತಿ ಪ್ರಕರಣಗಳ ಪಾಡು ಎಲ್ಲರಿಗೂ ಗೊತ್ತಿರುವುದೇ. ಗ್ರಾಮ ಪಂಚಾಯಿತಿ ಚುನಾವಣೆಯ ತಕರಾರು ಅರ್ಜಿಯನ್ನು ಮೂವತ್ತು ದಿನಗಳೊಳಗೆ ಹಾಕಬೇಕು ಎಂದು 1993ರ ಪಂಚಾಯತ್ ರಾಜ್ ಕಾಯ್ದೆ ಅರ್ಜಿದಾರನನ್ನು ಅವಸರಪಡಿಸುತ್ತದೆ. ಅಧ್ಯಕ್ಷರ ಅವಧಿ ಮೂವತ್ತು ತಿಂಗಳು. ವಿಚಾರಣೆ, ಮೇಲಿನ ಹಂತ, ತಡೆಯಾಜ್ಞೆ ಎನ್ನುತ್ತ ಆ ತಿಂಗಳುಗಳು ಕರಗುತ್ತವೆ. ಶಾಸಕ, ಸಂಸದರ ಚುನಾವಣಾ ತಕರಾರುಗಳನ್ನು ಆರು ತಿಂಗಳಲ್ಲಿ ಮುಗಿಸಲು ಪ್ರಯತ್ನಿಸಬೇಕೆಂದು ಪ್ರಜಾಪ್ರತಿನಿಧಿ ಕಾಯ್ದೆಯ 86ನೇ ಕಲಂ ಹೇಳುತ್ತದೆ. ಅದು ಎಷ್ಟು ಪಾಲನೆಯಾಗುತ್ತದೆ ಎಂಬ ಚರ್ಚೆ ಇಲ್ಲಿ ಬೇಡ. ವರ್ಗಾವಣೆ, ಪ್ರವೇಶ, ಪರೀಕ್ಷೆಗೆ ಸಂಬಂಧಿಸಿದವುಗಳದ್ದೂ ಇದೇ ಕಥೆ.

ಸರ್ಕಾರಿ ಇಲಾಖೆಗಳು ವಿಚಾರಣೆಯ ದಿನ ಬೆಳಿಗ್ಗೆ ಆದೇಶ ಹಿಂಪಡೆದಿದ್ದೇವೆ ಎಂದು ಮೆಮೊ ಕೊಡುವುದು ನನ್ನನ್ನು ಹೆಚ್ಚು ಕೆರಳಿಸುತ್ತದೆ. ಅರ್ಜಿ ನಿಷ್ಫಲವಾಗುತ್ತದೆ. ಕೆಲವು ತಿಂಗಳ ಮೇಲೆ ಹೊಸ ಸಂಖ್ಯೆ, ಹೊಸ ದಿನಾಂಕ ಹೊತ್ತು ಅದೇ ಆದೇಶ ಅದೇ ಮನುಷ್ಯನ ಮನೆಗೆ ಬರುತ್ತದೆ. ಮತ್ತೆ ವಕಾಲತ್ತು, ಮತ್ತೆ ಶುಲ್ಕ, ಮತ್ತೆ ಬಸ್ ಹತ್ತುವುದು. ಹಿಂಪಡೆದವರಿಂದ, ಇದೇ ಕಾರಣಕ್ಕೆ ಮತ್ತೆ ಇಂಥ ಆದೇಶ ಹೊರಡಿಸುವುದಿಲ್ಲ ಎಂಬ ಮುಚ್ಚಳಿಕೆ ಪಡೆದು ಅದನ್ನು ಆದೇಶದಲ್ಲಿ ದಾಖಲಿಸಿದ ಮೇಲೆ ಪ್ರಕರಣ ಮುಚ್ಚಬೇಕು. ಮುಚ್ಚಳಿಕೆ ಕೊಡಲು ಹಿಂದೆಮುಂದೆ ನೋಡಿದರೆ ಪ್ರಕರಣ ಇನ್ನೂ ಜೀವಂತವಿದೆ ಎಂದೇ ಅರ್ಥ.

ಖರ್ಚಿನ ಮಾತನ್ನೂ ಇಲ್ಲೇ ಹೇಳಿಬಿಡುತ್ತೇನೆ. ಸೋತವರು ಖರ್ಚು ಕೊಡುವುದು ಸಾಮಾನ್ಯ ನಿಯಮ, ಹಾಗೆ ಕೊಡಿಸದಿದ್ದರೆ ಕಾರಣ ಬರೆಯಬೇಕು ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 35ನೇ ಕಲಂ ಹೇಳುತ್ತದೆ. ಎದುರುದಾರನ ಕೃತ್ಯದಿಂದಲೇ ಮೇಲ್ಮನವಿ ನಿಷ್ಫಲವಾದಾಗ, ಖರ್ಚಿನ ಬಗ್ಗೆ ಆದೇಶವಿಲ್ಲ ಎಂಬ ಮೂರು ಪದ ಆ ಕಾರಣಕ್ಕೆ ಬದಲಿಯಾಗಲಾರದು. ಲೋಕ ಅದಾಲತ್‌ನಲ್ಲಿ ರಾಜಿಯಾದವರಿಗೆ ನ್ಯಾಯಾಲಯ ಶುಲ್ಕ ಮರಳುತ್ತದೆ. ತನ್ನ ಪ್ರಶ್ನೆಗೆ ಉತ್ತರವೇ ಸಿಗದೆ ಹೊರಬಂದವನಿಗೆ ಮರಳಿದ್ದನ್ನು ನಾನು ನೋಡಿಲ್ಲ.

ವಕೀಲ ಬಂಧುಗಳೇ, ಈಗ ನಮ್ಮ ಪಾಲಿನ ಮಾತು. ಎದುರಿನವರು ನಿಷ್ಫಲದ ಮೆಮೊ ಕೊಟ್ಟ ದಿನ, ಆಕ್ಷೇಪಣೆ ಇಲ್ಲ ಎಂದು ಸಹಿ ಹಾಕಿ ಮುಂದಿನ ಕೋರ್ಟ್ ಹಾಲಿಗೆ ಓಡುವುದು ನಮ್ಮಲ್ಲಿ ರೂಢಿಯಾಗಿದೆ. ಅವತ್ತಿನ ಪ್ರಕರಣ ಪಟ್ಟಿಯಲ್ಲಿ ಇನ್ನೂ ನಾಲ್ಕಾರು ಕಡೆ ನಮ್ಮ ಹೆಸರಿರುತ್ತದೆ, ಗೊತ್ತು. ಆದರೂ ಒಂದು ಪುಟದ ಪ್ರತಿ ಮೆಮೊ ಕೊಡಬೇಕು. ಏನೇನು ಉಳಿದಿದೆ ಎಂದು ಅದರಲ್ಲಿ ಬರೆಯಬೇಕು: ನಷ್ಟ, ಬಾಕಿ ವೇತನ, ಅನರ್ಹತೆ, ಕಪ್ಪುಪಟ್ಟಿ, ಬದಲಿ ಜಾಗದ ಹಕ್ಕು, ಏನಿದೆಯೋ ಅದು. ಏನೂ ಉಳಿದಿಲ್ಲವಾದರೆ, ಕೆಳಗಿನ ತೀರ್ಪಿನ ಅಭಿಪ್ರಾಯಗಳನ್ನು ಬದಿಗಿಟ್ಟು ಪ್ರಶ್ನೆಗಳನ್ನು ಮುಕ್ತವಾಗಿಡಿ ಎಂದು ಕೇಳಬೇಕು. ಕೇಳದೆ ಕೆಟ್ಟ ಒಂದು ಸರ್ಕಾರದ ಕಥೆಯನ್ನು ಮೇಲೆ ಹೇಳಿದೆ. ಕಕ್ಷಿದಾರರಿಗೆ ಅರ್ಥವಾಗುವ ಕನ್ನಡದಲ್ಲಿ ಅವತ್ತೇ ವಿವರಿಸಿ ಹೇಳಬೇಕು, ಹಿಂಬರಹ ಬಂದ ಮೇಲಲ್ಲ.

ಮಾನ್ಯ ಮುಖ್ಯ ನ್ಯಾಯಮೂರ್ತಿಗಳೇ, ಅಧೀನ ನ್ಯಾಯಾಲಯಗಳ ಮೇಲ್ವಿಚಾರಣೆಯ ಅಧಿಕಾರವನ್ನು ಸಂವಿಧಾನದ 227ನೇ ವಿಧಿ ಉಚ್ಚ ನ್ಯಾಯಾಲಯಕ್ಕೆ ಕೊಟ್ಟಿದೆ. ಕೆಲಸದ ಕ್ರಮಕ್ಕೆ ಸಾಮಾನ್ಯ ನಿಯಮ ಮಾಡಲೂ ಅದು ಅವಕಾಶ ಕೊಡುತ್ತದೆ. ಮೇಲ್ಮನವಿಯ ತೀರ್ಪಿನಲ್ಲಿ ತೀರ್ಮಾನಿಸಬೇಕಾದ ಅಂಶಗಳು, ತೀರ್ಮಾನ ಮತ್ತು ಕಾರಣಗಳು ಇರಬೇಕೆಂದು 41ನೇ ಆದೇಶದ 31ನೇ ನಿಯಮ ಈಗಾಗಲೇ ವಿಧಿಸಿದೆ. ನಿಷ್ಫಲವೆಂದು ಮುಚ್ಚುವ ಆದೇಶಕ್ಕೂ ಅದರ ಆಶಯ ಅನ್ವಯಿಸುವಂತೆ ಒಂದು ಸುತ್ತೋಲೆ ಹೊರಡಿಸಿ ಎಂದು ಕೋರುತ್ತೇನೆ. ಪ್ರಕರಣ ನಿಷ್ಫಲವಾದದ್ದು ಯಾರ ಕೃತ್ಯದಿಂದ, ಪರಿಣಾಮವೇನಾದರೂ ಉಳಿದಿದೆಯೇ ಎಂದು ನ್ಯಾಯಾಧೀಶರು ಕಕ್ಷಿದಾರರನ್ನು ಕೇಳಲಿ. ಬಾಕಿ ಇರುವ ತಿದ್ದುಪಡಿ ಅರ್ಜಿಯನ್ನು ಮೊದಲು ತೀರ್ಮಾನಿಸಿ ಆಮೇಲೆ ಮೇಲ್ಮನವಿಯ ಕಡೆ ಬರಲಿ. ಕೆಳಗಿನ ತೀರ್ಪು ನಿಲ್ಲುತ್ತದೆಯೋ ಬದಿಗಿಡಲಾಗಿದೆಯೋ ಎಂದು ಬಾಯಿಬಿಟ್ಟು ಬರೆಯಲಿ. ನೆಲಸಮ, ತೆರವು, ಅವಧಿಯ ಪ್ರಕರಣಗಳಲ್ಲಿ ಮೇಲ್ಮನವಿಯ ಜೊತೆ ಬಂದ ಮಧ್ಯಂತರ ಅರ್ಜಿಯನ್ನು ನೋಟಿಸ್ ಜಾರಿಯಾಗುವವರೆಗೆ ಖಾಲಿ ಬಿಡದೆ, ಕನಿಷ್ಠ ಆ ದಿನದವರೆಗೆ ಯಥಾಸ್ಥಿತಿ ಕಾಯುವಂತೆ ಹೇಳಲಿ.

ಧಾರವಾಡದಲ್ಲಿ ಪೀಠ ಬೇಕೆಂದು ಈ ಭಾಗದ ವಕೀಲರು, ಜನರು ದಶಕಗಳ ಕಾಲ ಹೋರಾಡಿದ್ದಾರೆ. 2008ರಲ್ಲಿ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಆಯಿತು. ಬೆಂಗಳೂರಿನ ರಾತ್ರಿ ಬಸ್ಸಿನ ದಣಿವು ತಪ್ಪಿತು. ಹತ್ತಿರ ಬಂದ ನ್ಯಾಯಾಲಯದಿಂದ ಜನ ಬಯಸುವುದು ತಮ್ಮ ಪ್ರಶ್ನೆಗೆ ಹೌದು ಅಥವಾ ಅಲ್ಲ ಎಂಬ ಉತ್ತರವನ್ನು. ಅದು ಸಾಧ್ಯವಾಗದಿದ್ದರೆ, ಉತ್ತರ ಕೊಟ್ಟಿಲ್ಲ ಎಂಬುದನ್ನಾದರೂ ಬರೆದುಕೊಡಬೇಕೆಂದು ಕೇಳುತ್ತಾರೆ.

ಬಳೆ ಅಂಗಡಿಯವರ ಅರ್ಜಿ ತಿರಸ್ಕರಿಸಿದ ಹಿಂಬರಹವನ್ನು ಪ್ರಶ್ನಿಸಲು ಕಾಗದಪತ್ರ ಸಿದ್ಧಪಡಿಸುತ್ತಿದ್ದೇನೆ. ಜಕಾತಿ ಚೀಟಿಗಳು ಇನ್ನೂ ಅವರ ಬಳಿಯೇ ಇವೆ. ಆ ಅರ್ಜಿಯಲ್ಲಿ ನನ್ನ ಮೊದಲ ಕೋರಿಕೆ ಅಂಗಡಿಯಲ್ಲ, ಜಾಗವೂ ಅಲ್ಲ. ವಿಚಾರಣಾ ನ್ಯಾಯಾಲಯ ಬರೆದ ಆ ಪದ ಯಾವ ಮೇಲ್ಮನವಿಯಲ್ಲೂ ಪರೀಕ್ಷೆಗೆ ಒಳಗಾಗಿಲ್ಲ, ಆದ್ದರಿಂದ ಅದನ್ನು ಅವರ ವಿರುದ್ಧ ಬಳಸಬಾರದು ಎಂಬ ಘೋಷಣೆ. ವಜಾ ಮಾಡಿದ ದಿನವೇ ಒಂದು ಸಾಲಿನಲ್ಲಿ ಸಿಗಬಹುದಾಗಿದ್ದ ಈ ಘೋಷಣೆಗೆ ಈಗ ಹೊಸ ಪ್ರಕರಣವನ್ನೇ ಹೂಡಬೇಕಾಗಿದೆ.

ಇತಿ ತಮ್ಮ ವಿಧೇಯ,

ಹುಬ್ಬಳ್ಳಿಯ ಒಬ್ಬ ವಕೀಲ